ಕೂಡಿಸಿ ಹೇಳಿದ್ದು, ಬಿಡಿಸಿ ಕೇಳಿದ್ದು

ನಮ್ಮ ಕಾಕಾ ಅವರಿಗೆ ಇಂಗ್ಲಿಷಿನಲ್ಲಿ ಬರುವುದು ಎರಡೇ ಎರಡು ಪದ. ಆ ಎರಡರ ಅರ್ಥವನ್ನೂ ಇಂಗ್ಲಿಷರೇ ತಪ್ಪು ತಿಳಿದುಕೊಂಡಿದ್ದಾರೆ! ಹೀಗಂದರೆ ನೀವು ನಗುತ್ತೀರಿ. ನಗಿರಿ. ನಾನೂ ಈ ಮನೆಗೆ ಸೊಸೆಯಾಗಿ ಬಂದು ಇಪ್ಪತ್ತೆಂಟು ವರ್ಷ ನಕ್ಕವಳೇ. ಆದರೆ ಹೋದ ಮಾಗಿಯಲ್ಲಿ ಅವೇ ಎರಡು ಪದ ನನ್ನ ಮಗಳ ಮದುವೆಯ ಮಾತಿನ ನಡುವೆ ಬಂದು ಚಕ್ಕಳಮಕ್ಕಳ ಹಾಕಿ ಕೂತವು. ಮಗಳ ಬಾಳೇ ಅವುಗಳ ಮೇಲೆ ನಿಂತುಬಿಟ್ಟಿತು. ಅದನ್ನು ಹೇಳೋಣವೆಂದೇ ಇವತ್ತು ಕೂತಿದ್ದೇನೆ. ಪೂಜೆ ಆಗಿದೆ, ಹಾಲು ಉಕ್ಕುವ ಮೊದಲೇ ಒಲೆ ಆರಿಸಿದ್ದೇನೆ, ಶಿವನ ದಯೆಯಿಂದ ಬೆಳಗಿನಿಂದ ಕರೆಂಟೂ ಹೋಗಿಲ್ಲ. ಬರೆಯಲು ಇನ್ನೇನು ಬೇಕು?

ಆ ಪದಗಳು ಇವು: ಅಂಡರ್ ಪ್ರೆಶರ್.

ಕಾಕಾ ಅಂದರೆ ನಮ್ಮ ಮನೆಯವರ ತಂದೆಯ ತಮ್ಮ. ಸಂಬಂಧದಲ್ಲಿ ನನಗೆ ಸಣ್ಣಮಾವ. ಆದರೆ ಇಡೀ ಸಪ್ತಾಪುರದ ಓಣಿ ‘ಕಾಕಾ’ ಎನ್ನುವಾಗ ನಾನೊಬ್ಬಳು ‘ಮಾವಾ’ ಎಂದರೆ ಅವರು ತಿರುಗಿಯೂ ನೋಡುತ್ತಿರಲಿಲ್ಲ. ಹಾಗಾಗಿ ನನಗೂ ಅವರು ಕಾಕಾ. ಲಕಮನಹಳ್ಳಿಯ ಒಂದು ಕಾರ್ಖಾನೆಯಲ್ಲಿ ಬಾಯ್ಲರ್ ನೋಡಿಕೊಳ್ಳುವ ನೌಕರಿ ಮಾಡಿ ನಿವೃತ್ತರಾದವರು. ಬಾಯ್ಲರ್ ಅಂದರೇನು ಎಂದು ಹೊಸ ಸೊಸೆಯಾಗಿ ಬಂದಾಗ ನಾನೇ ಕೇಳಿದ್ದೆ.

“ನಿನ್ನ ಕುಕ್ಕರ್ ಐತಲ್ಲವಾ, ಅದರ ಮುತ್ಯಾ” ಎಂದಿದ್ದರು.

ಆ ಮುತ್ಯಾನ, ಅಂದರೆ ಅಜ್ಜನ, ಹಣೆಯ ಮೇಲೆ ಗಡಿಯಾರದಂಥ ಒಂದು ಮೀಟರು. ಗಡಿಯಾರಕ್ಕೆ ಎರಡು ಮುಳ್ಳಿದ್ದರೆ ಇದಕ್ಕೆ ಒಂದೇ. ಮುಳ್ಳು ಇಂಥ ಗೆರೆಯ ಹತ್ತಿರ ನಿಂತಿರಬೇಕು ಎಂದು ಗುರುತು ಮಾಡಿರುತ್ತಾರಂತೆ. ಗೆರೆ ದಾಟಿ ಮೇಲೆ ಹೋದರೆ ಅಪಾಯ, ಎಲ್ಲರೂ ಓಡಬೇಕು. ಕೆಳಗೆ ಬಿದ್ದರೆ ಅಪಾಯವಿಲ್ಲ, ಆದರೆ ಕೆಲಸವೂ ಇಲ್ಲ. ಹಬೆ ಎಲ್ಲಿಗೆ ಮುಟ್ಟಬೇಕೋ ಅಲ್ಲಿಗೆ ಮುಟ್ಟುವುದಿಲ್ಲ. ಆಗ ವಹಿಯಲ್ಲಿ ‘ಅಂಡರ್ ಪ್ರೆಶರ್’ ಎಂದು ಬರೆದು, ಒಲೆಗೆ ಏನಾಗಿದೆ ಎಂದು ನೋಡಬೇಕು. ಅವರ ಮೇಸ್ತ್ರಿ ಮೊದಲ ದಿನವೇ ಈ ಪಾಠ ಹೇಳಿಕೊಟ್ಟು, ಕೈಹಿಡಿದು ಬರೆಸಿದ್ದರಂತೆ. ಮೂವತ್ತು ವರ್ಷ ತಾಸಿಗೊಮ್ಮೆ ಮುಳ್ಳು ನೋಡಿದ ಮನುಷ್ಯ! ನಿವೃತ್ತಿಯ ದಿನ ಶಾಲು, ಹಾರದ ಜೊತೆಗೆ ಮೂಲೆಯಲ್ಲಿ ಬಿದ್ದಿದ್ದ ಒಂದು ಕೆಟ್ಟ ಮೀಟರನ್ನೂ ಕೇಳಿ ತಂದರು. ತಂದದ್ದು ತಂದರು, ದೇವರ ಜಗಲಿಯ ಮೇಲೆ ಇಡಲು ಹೊರಟರು!

“ಕಾಕಾ, ಅಲ್ಲೆ ಲಿಂಗಪ್ಪ ಅದಾನ್ರಿ” ಎಂದೆ.

“ಇರಲೇಳವಾ, ಅವನೂ ಒಂದೀಟು ನೋಡಲಿ, ಜಗತ್ತು ಎಷ್ಟು ಅಂಡರ್ ಪ್ರೆಶರ್ ನಡದೈತಿ ಅಂತ.”

ನಾನು ಬಿಡಲಿಲ್ಲ. ಈಗ ಅದು ಅವರ ಮಂಚದ ಪಕ್ಕದ ಗೂಡಿನಲ್ಲಿದೆ. ದಿನಾ ಒರೆಸುತ್ತಾರೆ.

ನೌಕರಿ ಬಿಟ್ಟರೂ ಪದ ಬಿಡಲಿಲ್ಲ. ಬಾಯ್ಲರ್ ಇಲ್ಲವೆಂದ ಮೇಲೆ ಅವರಿಗೆ ಜಗತ್ತೆಲ್ಲ ಬಾಯ್ಲರ್ ಆಯಿತು. ಮೇಲಿನ ಕೋಣೆಯ ಬಾಡಿಗೆ ಹುಡುಗಿಯರ ಸ್ಕೂಟಿಯ ಗಾಲಿಯನ್ನು ಹೆಬ್ಬೆರಳಿನಿಂದ ಒತ್ತಿ, “ಅಂಡರ್ ಪ್ರೆಶರ್.” ಸರಿ, ಅದು ನ್ಯಾಯವೇ. ಆದರೆ ಸೋಮವಾರದ ಭಜನೆಯಲ್ಲಿ ಶೀತವಾಗಿ ದನಿ ಕಟ್ಟಿದ್ದ ಆಚೆಮನೆಯ ಹಿರಿಯರಿಗೆ, ಅವರು ಕಣ್ಣು ಮುಚ್ಚಿ ಆಲಾಪ ಎಳೆಯುತ್ತಿರುವಾಗ, ಎಲ್ಲರಿಗೂ ಕೇಳುವ ಹಾಗೆ “ಅಂಡರ್ ಪ್ರೆಶರ್” ಎನ್ನುವುದೇ? ಅಂಗಡಿಯಿಂದ ತಂದ ಮಿರ್ಚಿ ಭಜಿಯಲ್ಲಿ ಖಾರ ಸಾಲದಿದ್ದರೆ ಅದೂ ಅಂಡರ್ ಪ್ರೆಶರ್. ನಮ್ಮ ಮನೆಯವರು ಸಂಬಳ ತಂದ ದಿನ ಮೀಸೆ ತಿರುವುವುದನ್ನೂ, ತಿಂಗಳ ಕೊನೆಗೆ ಮೀಸೆಯನ್ನೇ ಮುಟ್ಟದಿರುವುದನ್ನೂ ಗಮನಿಸಿ ಅವರಿಗೂ ಅದೇ ಚೀಟಿ ಅಂಟಿಸಿದ್ದಾರೆ.

ಒಂದು ದಿನ ರೇಡಿಯೋದಲ್ಲಿ ‘ಬಂಗಾಳ ಕೊಲ್ಲಿಯಲ್ಲಿ ವಾಯುಭಾರ ಕುಸಿತ’ ಎಂದು ಹೇಳಿದರು. ಕಾಕಾ ರೊಟ್ಟಿ ಮುರಿಯುವುದನ್ನು ನಿಲ್ಲಿಸಿ, ಹಾಗೆಂದರೇನು ಎಂದು ನನ್ನ ಮಗಳನ್ನು ಕೇಳಿದರು.

“ಅಲ್ಲಿ ಗಾಳಿ ಒತ್ತಡ ಕಮ್ಮಿ ಆಗೇತಿ ಅಜ್ಜಾ. ಅದಕ್ಕ ಸುತ್ತಲಿನ ಗಾಳಿ ಎಲ್ಲಾ ಅತ್ಲಾಗ ನುಗ್ಗತೈತಿ.”

ಕಾಕಾ ಅವರ ಮುಖ ಅರಳಿತು ನೋಡಿ! “ಅಂದ್ರ ಸಮುದ್ರಕ್ಕ ಅಂಡರ್ ಪ್ರೆಶರ್! ನೋಡಿದೇನವಾ, ಸರಕಾರದವರಿಗೂ ಈಗ ತಿಳೀತು.” ಅಂದಿನಿಂದ ಮಳೆಗಾಲ ಬಂತೆಂದರೆ ಹವಾಮಾನದ ವರದಿಗೆ ಕಿವಿ ಕೊಟ್ಟು ಕೂಡುತ್ತಾರೆ, ಸ್ವಂತ ಇಲಾಖೆಯ ಸುದ್ದಿ ಎಂಬಂತೆ.

ಇನ್ನು ನೀರಿನ ದಿನದ ಕಥೆ. ನಮ್ಮ ಓಣಿಗೆ ನೀರು ಬರುವುದು ಅದರ ಮನಸ್ಸಿಗೆ ಬಂದಾಗ. ಬಂದ ದಿನ ನಾನು ಕೊಡ, ಬಕೆಟ್, ಡ್ರಮ್ಮು, ಕಡೆಗೆ ಉಪ್ಪಿನಕಾಯಿಯ ಖಾಲಿ ಭರಣಿಯನ್ನೂ ಸಾಲಾಗಿ ನಿಲ್ಲಿಸಿ ‘ಶಿವಾ, ಇವತ್ತು ಬಂತಲ್ಲ, ಅಷ್ಟು ಸಾಕು’ ಎನ್ನುತ್ತೇನೆ. ಕಾಕಾ ಮಾತ್ರ ನಳದ ಕೆಳಗೆ ಅಂಗೈ ಒಡ್ಡಿ, ಡಾಕ್ಟರು ನಾಡಿ ನೋಡುವ ಹಾಗೆ ಕಣ್ಣು ಮುಚ್ಚಿ ನಿಲ್ಲುತ್ತಾರೆ. ಒಮ್ಮೆ ಸಣ್ಣ ದಾರದಂತೆ ನೀರು ಬಂದಾಗ ಸೀದಾ ನೀರಿನ ಆಫೀಸಿಗೇ ಫೋನು ಹಚ್ಚಿದರು. ಸ್ಪೀಕರ್ ಹಾಕಿದ್ದರಿಂದ ನನಗೂ ಕೇಳುತ್ತಿತ್ತು.

“ಸಾಹೇಬ್ರ, ನಮ್ಮ ಓಣಿ ಅಂಡರ್ ಪ್ರೆಶರ್ ಐತ್ರಿ.”

“ಅಜ್ಜಾರ, ನಿಮ್ಮ ಓಣಿ ಒಂದ ಅಲ್ರಿ. ಮುಂಜಾನಿಂದ ನಮ್ಮ ಇಡೀ ಆಫೀಸ ಅಂಡರ್ ಪ್ರೆಶರ್ ಐತಿ!”

ಕಾಕಾ ಫೋನು ಕೆಳಗಿಟ್ಟು ನನ್ನ ಕಡೆ ತಿರುಗಿ ಮರುಕದಿಂದ ಹೇಳಿದರು: “ಪಾಪ, ಅವರಿಗೂ ನೀರು ಬಂದಿಲ್ಲಂತ.”

ಕೇಳುವವರು ಒಂದು ತಿಳಿಯುತ್ತಾರೆ, ಹೇಳುವವರದು ಇನ್ನೊಂದು. ಇದನ್ನು ತಿದ್ದಲೇಬೇಕೆಂದು ಹಟ ತೊಟ್ಟವಳು ನನ್ನ ಮಗಳು. ಅವಳು ಒಂದು ಹೈಸ್ಕೂಲಿನಲ್ಲಿ ಇಂಗ್ಲಿಷನ್ನೇ ಕಲಿಸುತ್ತಾಳೆ. ಮನೆಯಲ್ಲೇ ಇಂಥ ವಿದ್ಯಾರ್ಥಿ ಇದ್ದರೆ ಯಾವ ಟೀಚರಿಗೆ ಸಮಾಧಾನ? ಒಂದು ರವಿವಾರ ಪಾಠ ಶುರುವಾಯಿತು.

“ಅಜ್ಜಾ, ಅಂಡರ್ ಪ್ರೆಶರ್ ಅಂದ್ರ ಪ್ರೆಶರ್ ಕಮ್ಮಿ ಅಂತಲ್ಲ. ಪ್ರೆಶರ್ ಹೆಚ್ಚಾಗಿ ಮನಶ್ಯಾ ಅದರ ಕೆಳಗ ಸಿಕ್ಕೊಂಡಾನ ಅಂತ. ಯಾರೋ ಒತ್ತಾಯ ಮಾಡಾಕತ್ತಾರ ಅಂತ.”

“ಹೌದಾ? ಅಂಡರ್ ವೇಟ್ ಅಂದ್ರ?”

“ತೂಕ ಕಮ್ಮಿ.”

“ಅಂಡರ್ ಏಜ್?”

“ವಯಸ್ಸು ಕಮ್ಮಿ.”

“ಮತ್ತ ಅಂಡರ್ ಪ್ರೆಶರ್ ಒಂದ ಏನು ಪಾಪ ಮಾಡೇತಿ?”

ಮಗಳು ಬಿಡುವವಳಲ್ಲ. “ಹಂಗಾರ ಅಂಡರ್‌ಗ್ರೌಂಡ್ ಅಂದ್ರ ನೆಲ ಕಮ್ಮೀನಾ?”

“ಹೌದಲ್ಲ! ಅಷ್ಟು ಅಗದು ತಗದ ಮ್ಯಾಲೆ ನೆಲ ಕಮ್ಮಿ ಆಗಲಾರದ ಇರ್ತೈತೇನು?”

“ಅಂಡರ್‌ವೇರ್?”

“ಅರಿವಿ ಕಮ್ಮಿ!” ಎಂದು ಕಾಕಾ ತೊಡೆ ತಟ್ಟಿದರು. ನಾನು ಸೆರಗು ಬಾಯಿಗೆ ಹಿಡಿದು ಅಡುಗೆಮನೆಗೆ ಓಡಿದೆ. ಶಿವಾ ಶಿವಾ, ಅವತ್ತು ಬೇಳೆ ಸೀದಿತ್ತು.

ಕೊನೆಗೆ ಮಗಳು ದಪ್ಪ ನಿಘಂಟನ್ನೇ ತಂದು ಮುಂದಿಟ್ಟಳು. ಹಾಳೆ ತಿರುವಿ, ಒಂದೇ ಸಾಲಿನ ಮೇಲೆ ಎರಡು ಸಲ ಬೆರಳು ಆಡಿಸಿದಳು. ಆಮೇಲೆ ಸಣ್ಣ ದನಿಯಲ್ಲಿ ಹೇಳಿದಳು: ಎರಡು ಪದವನ್ನು ಬಿಡಿಸಿ ಬರೆದರೆ ಅವಳು ಹೇಳಿದ ಅರ್ಥ. ಕೂಡಿಸಿ ಒಂದೇ ಪದವಾಗಿ ಬರೆದರೆ, ಯಂತ್ರದವರ ಮಾತಿನಲ್ಲಿ, ಇರಬೇಕಾದದ್ದಕ್ಕಿಂತ ಕಡಿಮೆ ಒತ್ತಡ ಎಂದೂ ಅರ್ಥ ಇದೆ!

ಕಾಕಾ ಗೆದ್ದವರ ಹಾಗೆ ನಗಲಿಲ್ಲ. ಬಹಳ ಸಹಜವಾಗಿ, “ನಾ ಕೂಡಿಸೇ ಹೇಳ್ತೇನವಾ. ನೀವು ಬಿಡಿಸಿ ಕೇಳ್ತೀರಿ” ಎಂದರು.

ಬಾಯಲ್ಲಿ ಆಡುವಾಗ ಕೂಡಿಸಿದ್ದು ಬಿಡಿಸಿದ್ದು ಯಾರಿಗೆ ಕಾಣುತ್ತದೆ?

ಅವರ ಅರ್ಥದಿಂದ ಉಪಕಾರವೂ ಆಗಿದೆ, ಸುಳ್ಳು ಹೇಳಬಾರದು. ಮೇಲಿನ ಕೋಣೆಯಲ್ಲಿ ಸರಕಾರಿ ಪರೀಕ್ಷೆಗೆ ಓದುವ ಒಬ್ಬ ಹುಡುಗಿ ಮೆಟ್ಟಿಲ ಮೇಲೆ ತಲೆ ಹಿಡಿದುಕೊಂಡು ಕೂತಿದ್ದಳು. ಯಾಕವಾ ಎಂದರೆ, “ಭಾಳ ಅಂಡರ್ ಪ್ರೆಶರ್ ಅದೇನ್ರಿ ಅಜ್ಜಾ” ಎಂದಳು. ಅವಳು ಹೇಳಿದ್ದು ಬಿಡಿಸಿ, ಇವರು ಕೇಳಿದ್ದು ಕೂಡಿಸಿ. ಒಳಗೆ ಬಂದು ನನ್ನ ಡಬ್ಬಿಯಿಂದ ನಾಲ್ಕು ಶೇಂಗಾ ಉಂಡಿ, ಎರಡು ಬಾಳೆಹಣ್ಣು ಒಯ್ದು ಎದುರಿಗೇ ಕೂತು ತಿನ್ನಿಸಿದರು. ತಿಂದು, ನೀರು ಕುಡಿದು, ಒಂದು ತಾಸು ನಿದ್ದೆ ಮಾಡಿ ಎದ್ದಳು. ಮುಖ ತೊಳೆದ ಕನ್ನಡಿಯಂತೆ ಆಗಿತ್ತು. ಔಷಧ ತಪ್ಪೋ ಸರಿಯೋ, ರೋಗ ಹೋಯಿತಲ್ಲ!

ಸರಕಾರಿ ದವಾಖಾನೆಯ ನರ್ಸಮ್ಮನ ಜೊತೆಗೂ ಒಂದು ಸಲ ವಾದವಾಗಿದೆ. ಆಕೆ ಪಟ್ಟಿ ಕಟ್ಟಿ, “ಬಿಪಿ ಇಲ್ಲರಿ ಅಜ್ಜಾರ, ಆರಾಮ ಹೋಗ್ರಿ” ಎಂದಳಂತೆ. ಇವರು ಎದ್ದೇ ಇಲ್ಲ. “ಇಲ್ಲ ಅಂದ್ರ ಹೆಂಗವಾ? ಪ್ರೆಶರ್ ಇಲ್ಲ ಅನ್ನಾಕ ನಾ ಏನು ಹೆಣ ಏನು? ಎಷ್ಟೈತಿ ಹೇಳು, ಗೆರಿ ಎಲ್ಲೈತಿ ಹೇಳು!” ಹಿಂದೆ ಸಾಲಿನಲ್ಲಿದ್ದವರೆಲ್ಲ ಅವರವರ ಬಿಪಿ ಏರಿಸಿಕೊಂಡರು ಎಂದು ಜೊತೆಗೆ ಹೋಗಿದ್ದ ನಮ್ಮ ಮನೆಯವರು ಹೇಳಿದರು.

ಈಗ ಮದುವೆಯ ಮಾತಿಗೆ ಬರುತ್ತೇನೆ.

ಹುಬ್ಬಳ್ಳಿಯಲ್ಲಿರುವ ನನ್ನ ಅಕ್ಕ ಒಂದು ಸಂಬಂಧ ತಂದಳು. ಹುಡುಗನ ಮನೆಯವರದು ಕಾಳುಕಡಿಯ ವ್ಯಾಪಾರ. ಹುಡುಗ ಕಲಿತವನು, ಒಳ್ಳೆಯ ನೌಕರಿ. ನಮ್ಮದೇ ಪೈಕಿ, ದಿನಾ ಪೂಜೆ ಮಾಡುವ ಮನೆ. ನನಗೆ ದೇವರೇ ಅಂಗಳಕ್ಕೆ ಬಂದು ನಿಂತ ಹಾಗಾಯಿತು. ಮಗಳಿಗೆ ಇಪ್ಪತ್ತೈದು. ಅವಳು ಹುಡುಗನ ಜೊತೆ ಎರಡು ಮೂರು ಸಲ ಫೋನಿನಲ್ಲಿ ಮಾತಾಡಿದಳು. ನಾನು ಹೇಗನಿಸಿತು ಎಂದೆ. ‘ಛಲೋ ಅದಾರ’ ಎಂದಳು. ಛಲೋ ಎಂದರೆ ಆಯಿತಲ್ಲ! ನಾನು ಶಿರಾಕ್ಕೆ ರವೆ ಹುರಿದಿಟ್ಟೆ, ಹಸಿರು ಇಳಕಲ್ ಸೀರೆಗೆ ಇಸ್ತ್ರಿ ಮಾಡಿಸಿದೆ, ಕಂಡ ಕಂಡ ದೇವರಿಗೆಲ್ಲ ತೆಂಗಿನಕಾಯಿಯ ಹರಕೆ ಹೊತ್ತೆ. ಆ ವಾರ ಮಗಳು ಊಟದ ತಾಟಿನ ಮುಂದೆ ಕೂತು ಎದ್ದು ಹೋಗುತ್ತಿದ್ದಳು. ಶಾಲೆಯ ಪೇಪರು ತಿದ್ದುವ ಕೆಲಸ ಬಹಳ ಇದೆ ಎಂದುಕೊಂಡೆ. ನಾಚಿಕೆ ಎಂದುಕೊಂಡೆ. ಅಂದುಕೊಳ್ಳುವುದಕ್ಕೆ ತಾಯಿಗೆ ಏನೆಲ್ಲ ಸಿಗುತ್ತದೆ!

ಅವರು ಬಂದರು. ಹುಡುಗ, ಹುಡುಗನ ತಂದೆ, ತಾಯಿ. ಮಗಳು ಚಹಾ ಕೊಟ್ಟು ಕೂತಳು. ಕೇಳಿದ್ದಕ್ಕೆ ಹೂಂ, ಉಹೂಂ. ಹುಡುಗನ ತಾಯಿ ಸೂಕ್ಷ್ಮ ಹೆಂಗಸು. ಸ್ವಲ್ಪ ಹೊತ್ತು ನೋಡಿ, ಮೆಲ್ಲಗೆ ಕೇಳಿದರು.

“ಯಾಕವಾ ತಂಗಿ, ಭಾಳ ಸಪ್ಪಗ ಅದಿ? ಆರಾಮ ಇಲ್ಲೇನು?”

ನಾನು ಬಾಯಿ ತೆರೆಯುವಷ್ಟರಲ್ಲಿ ಕಾಕಾ ಆಗಲೇ ತೆರೆದಿದ್ದರು.

“ಏನಿಲ್ರಿ ಅಕ್ಕಾರ. ಎಂಟು ದಿನದಿಂದ ಆಕಿ ಅಂಡರ್ ಪ್ರೆಶರ್ ಅದಾಳ.”

ಹುಡುಗನ ಚಮಚೆ ಶಿರಾದಲ್ಲೇ ನಿಂತಿತು.

“ಅಂದ್ರ?” ಎಂದರು ಹುಡುಗನ ತಂದೆ.

“ಮನ್ಯಾಗ ಎಲ್ಲಾರಿಗೂ ಗೊತ್ತೈತ್ರಿ. ನೀವೇನೂ ಮನಸಿಗೆ ಹಚ್ಕೋಬ್ಯಾಡ್ರಿ. ಒಮ್ಮೆ ಲಗ್ನ ಆಗಿ ನಿಮ್ಮ ಮನಿಗೆ ಬಂದ್ಲಂದ್ರ ಎಲ್ಲಾ ತನ್ನಷ್ಟಕ್ಕ ಸರಿ ಹೋಗ್ತೈತಿ!”

ಇದಕ್ಕಿಂತ ಚೆನ್ನಾಗಿ ಒಂದು ಸಂಬಂಧವನ್ನು ಕೆಡಿಸಲು ಯಾವ ವೈರಿಗೆ ಸಾಧ್ಯ? ನಾನು ಕಾಕಾ ಅವರ ಕಡೆ ಕಣ್ಣು ಕೆಕ್ಕರಿಸಿದೆ. ಅವರು ಅದನ್ನು ಶಭಾಸ್ ಎಂದು ತಿಳಿದರು. ನಮ್ಮ ಮನೆಯವರು ಏನೋ ವಿವರಿಸಲು ಹೋಗಿ, ‘ಅವರು ಕೂಡಿಸಿ ಹೇಳ್ಯಾರ್ರಿ’ ಎಂದುಬಿಟ್ಟರು. ಬಂದವರಿಗೆ ಏನು ಅರ್ಥವಾಗಬೇಕು? ಅರ್ಧ ತಾಟಿನಲ್ಲಿ ಬಿಟ್ಟು, ‘ತಿಳಿಸ್ತೇವ್ರಿ’ ಎಂದು ಎದ್ದು ಹೋದರು.

ಸಂಜೆಗೆ ಅಕ್ಕನ ಫೋನು.

“ಏನವಾ ತಂಗಿ, ಹುಡುಗಿಗೆ ಮನಸಿಲ್ಲದಿದ್ರೂ ಒತ್ತಾಯ ಮಾಡಿ ಕೂಡಿಸಿದ್ರಂತಲ್ಲ! ಅದನ್ನ ನಿಮ್ಮ ಕಾಕಾನ ಎದ್ದು ನಿಂತು ಹೇಳಿದ್ರಂತ! ನನ್ನ ಮಾರಿ ಎಲ್ಲೆ ಇಟ್ಕೊಳ್ಳಿ?”

“ಅಕ್ಕಾ, ಅದು ಹಂಗಲ್ಲ. ಅವರ ಅಂಡರ್ ಪ್ರೆಶರ್ ಬ್ಯಾರೇ...”

“ಅದರಾಗ ಎಷ್ಟು ನಮೂನಿ ಇರ್ತಾವ ಮತ್ತ?” ಎಂದು ಫೋನು ಇಟ್ಟಳು.

ನಾನು ದೇವರ ಹೆಸರು ಹೇಳುವ ಬಾಯಿಂದ ಅವತ್ತು ಏನೇನು ಮಾತಾಡಿದೆನೋ. ಕಾಕಾ ಅವರ ಮುಂದೆ ನಿಂತು, “ನಿಮ್ಮ ಬಾಯಿಂದ ನನ್ನ ಮಗಳ ಬಾಳು ಹಾಳಾತ್ರಿ. ಇನ್ನ ಮ್ಯಾಲೆ ಆ ಮಾತು ಈ ಮನ್ಯಾಗ ಬ್ಯಾಡ” ಎಂದೆ. ಇಪ್ಪತ್ತೆಂಟು ವರ್ಷದಲ್ಲಿ ಅವರಿಗೆ ದನಿ ಏರಿಸಿದ್ದು ಅದೇ ಮೊದಲು. ಅವರು “ಆತವಾ” ಎಂದರು. ಅಷ್ಟೇ.

ಆ ಮೇಲಿನ ಎರಡು ದಿನ ಮನೆಯಲ್ಲಿ ಏನೋ ಬಂದ್ ಬಿದ್ದಂತೆ ಇತ್ತು. ನೀರು ಬಂತು, ದಾರದಂತೆಯೇ ಬಂತು. ಕಾಕಾ ಅಂಗೈ ಒಡ್ಡಿದರು, ನನ್ನನ್ನು ನೋಡಿದರು, ಕೈ ಒರೆಸಿಕೊಂಡು ಒಳಗೆ ಹೋದರು. ರೇಡಿಯೋದವರು ವಾಯುಭಾರ ಕುಸಿತ ಎಂದರೆ ತಲೆ ಎತ್ತಲಿಲ್ಲ. ಮಗಳಂತೂ ಯಾರ ಮೇಲೂ ಸಿಟ್ಟು ಮಾಡಲಿಲ್ಲ. ಮೊದಲಿನಂತೆಯೇ ಶಾಲೆಗೆ ಹೋಗುವುದು, ಬರುವುದು. ಸಿಟ್ಟು ಮಾಡಿದ್ದರೆ ನನಗೆ ಸುಲಭವಾಗುತ್ತಿತ್ತು.

ಮೂರನೆಯ ದಿನ ಮಧ್ಯಾಹ್ನ ಊಟಕ್ಕೆ ಕರೆದರೆ ಕಾಕಾ ಇಲ್ಲ. ಗೂಡಿನಲ್ಲಿ ಮೀಟರೂ ಇಲ್ಲ! ಅವರು ಅದನ್ನು ಅರಿವೆಯ ಚೀಲದಲ್ಲಿ ಹಾಕಿಕೊಂಡು, ಅಕ್ಕನಿಂದ ವಿಳಾಸ ಇಸಿದುಕೊಂಡು, ಒಬ್ಬರೇ ಬಸ್ಸು ಹತ್ತಿ ಹುಬ್ಬಳ್ಳಿಗೆ ಹೋಗಿದ್ದರು. ಅಲ್ಲಿ ನಡೆದದ್ದನ್ನು ನನಗೆ ಆಮೇಲೆ ಹೇಳಿದವರು ಹುಡುಗನ ತಾಯಿಯೇ.

ಬಾಗಿಲು ತೆರೆದರೆ ಮುದುಕರೊಬ್ಬರು ಬೆವರೊರೆಸಿಕೊಳ್ಳುತ್ತ ನಿಂತಿದ್ದಾರಂತೆ. ನೀರು ಕುಡಿಯಲಿಲ್ಲ, ಕೂಡಲಿಲ್ಲ. ಚೀಲದಿಂದ ಮೀಟರು ತೆಗೆದು ಪಡಸಾಲೆಯಲ್ಲಿ ಕಾಳು ತೂಗುವ ಕಟ್ಟೆಯ ಮೇಲೆ ಇಟ್ಟರಂತೆ.

“ಅಕ್ಕಾರ, ಇದನ್ನ ನೋಡ್ರಿ. ಇದು ಗೆರಿ. ಮುಳ್ಳು ಇಲ್ಲಿರಬೇಕು, ಇದು ಕೆಳಗೈತಿ. ಇದಕ್ಕ ನಮ್ಮಾಗ ಅಂಡರ್ ಪ್ರೆಶರ್ ಅಂತಾರ. ನಾ ಅಂದಿದ್ದು ಇದನ್ನ. ಹುಡುಗಿ ಎಂಟು ದಿನದಿಂದ ಉಂಡಿದ್ದಿಲ್ಲ, ಮಾರಿ ಇಳದಿತ್ತು, ಅದಕ್ಕ ಅಂದೆ. ಆಕಿಗೆ ಯಾರೂ ಬಡದಿಲ್ರಿ, ಬೈದಿಲ್ರಿ. ನನ್ನ ಸೊಸಿ ದೇವರಂಥಾಕಿ. ತಪ್ಪು ನಂದು. ನನ್ನ ಮಾತಿಗೆ ಸಂಬಂಧ ಬಿಡಬ್ಯಾಡ್ರಿ.”

ಆ ತಾಯಿ ಮೀಟರನ್ನು ಕೈಯಲ್ಲಿ ಹಿಡಿದು ನೋಡಿದರಂತೆ. “ತಿಳೀತ್ರಿ ಯಜಮಾನ್ರ. ಆದ್ರ ಮುಳ್ಳು ಕೆಳಗ ಯಾಕ ಬಂತು?”

“ಅದನ್ನ ಆಕಿಗೇ ಕೇಳಬೇಕ್ರಿ.”

“ನೀವು ಕೇಳೀರೇನು?”

“ಇಲ್ರಿ.”

“ಮತ್ತ ಮನ್ಯಾಗ ಯಾರು ಕೇಳ್ಯಾರ?”

ಕಾಕಾ ಮೀಟರನ್ನು ಇಸಿದುಕೊಂಡು ಚೀಲಕ್ಕೆ ಹಾಕಿದರಂತೆ. ಆಮೇಲೆ “ಮುಳ್ಳು ಇಳೀತಂದ್ರ ಒಲಿ ನೋಡಬೇಕ್ರಿ. ನಾ ನೋಡಿಲ್ಲ” ಎಂದು ಚೀಲ ಎತ್ತಿಕೊಂಡು ಬಂದುಬಿಟ್ಟರಂತೆ.

ಮರುದಿನ ಆ ತಾಯಿ ನಮ್ಮ ಮನೆಗೆ ಬಂದರು. ಒಬ್ಬರೇ. ಕೈಯಲ್ಲಿ ಒಂದು ಮೊಳ ಮಲ್ಲಿಗೆ. ಸಂಬಂಧ ಕೂಡಿತೆಂದೇ ಲೆಕ್ಕ ಹಾಕಿದೆ. ಅವರು, “ಹುಡುಗಿ ಕೂಡ ಒಂದೀಟು ಮಾತಾಡಲೇನ್ರಿ?” ಎಂದು ಕೇಳಿ ಅವಳ ಕೋಣೆಗೆ ಹೋದರು. ಬಾಗಿಲು ಮುಂದೆ ಮಾಡಿಕೊಂಡರು. ನಾನು ಅಡುಗೆಮನೆಯಲ್ಲಿ ಒಂದೇ ಪಾತ್ರೆಯನ್ನು ಮೂರು ಸಲ ತೊಳೆದೆ.

ಅರ್ಧ ತಾಸಿಗೆ ಹೊರಗೆ ಬಂದರು. ಮಲ್ಲಿಗೆ ಮಗಳ ತಲೆಯಲ್ಲಿತ್ತು. ಮಗಳ ಕಣ್ಣು ಕೆಂಪಾಗಿತ್ತು, ಆದರೆ ಮುಖ ಹಗುರವಾಗಿತ್ತು.

“ಅಕ್ಕಾರ, ಹುಡುಗಿಗೆ ಮನಸಿಲ್ರಿ” ಎಂದರು. “ನಮ್ಮ ಹುಡುಗನ ಮ್ಯಾಲೆ ಆಕಿಗೆ ಏನೂ ಸಿಟ್ಟಿಲ್ಲ. ಕೆಟ್ಟಾಂವ ಇದ್ರ ಬ್ಯಾಡ ಅನ್ನಾಕ ಕಾರಣ ಸಿಗ್ತಿತ್ತು, ಛಲೋ ಅದಾನ, ಅದಕ್ಕ ಏನಂತ ಹೇಳಲಿ ಅಂತಾಳ. ಖರೇ ಐತಿ. ಮನಸಿಗೆ ಬರಲಿಲ್ಲ ಅಂದ್ರ ಬರಲಿಲ್ಲ. ಆಕಿಗೆ ಬೈಬ್ಯಾಡ್ರಿ.”

ನನ್ನ ಕೈಯಿಂದ ಕುಂಕುಮ ಹಚ್ಚಿಸಿಕೊಂಡು ಹೋದರು. ಅಂಥವರ ಮನೆಗೆ ಮಗಳನ್ನು ಕೊಡಬೇಕು ಎಂದು ಆಗಲೂ ಅನಿಸಿತು, ಸುಳ್ಳಲ್ಲ. ಎಂಥ ಹೆಂಗಸು! ಗುರುತಿಲ್ಲದ ಒಬ್ಬ ಹುಡುಗಿಗೆ ಅರ್ಧ ತಾಸು ಕಿವಿ ಕೊಡಲು ಹುಬ್ಬಳ್ಳಿಯಿಂದ ಬಂದರು. ನಾನು ಅದೇ ಮನೆಯಲ್ಲಿ, ಹತ್ತು ಹೆಜ್ಜೆಯ ದೂರದಲ್ಲಿ ಇದ್ದವಳು.

ಮಗಳು ಹೇಳಿರಲಿಲ್ಲವೇ? ಹೇಳಿದ್ದಳು. ಎರಡು ಸಲ ಹೇಳಿದ್ದಳು. ‘ಅವ್ವಾ, ಈಗ ಬ್ಯಾಡ ಅನ್ನಿಸ್ತೈತಿ’ ಎಂದು ಒಮ್ಮೆ. ‘ಅವ್ವಾ, ಬಿಡೋಣಲ್ಲ’ ಎಂದು ಇನ್ನೊಮ್ಮೆ. ‘ಮೊದಲ ನೋಡಿ ಹೋಗಲಿ’ ಎಂದು ನಾನೇ ಎರಡೂ ಸಲ ಹೇಳಿದ್ದೆ. ಕುಕ್ಕರಿನ ಸೀಟಿ ಎಣಿಸುವ ರೂಢಿ ನೋಡಿ. ಮೂರನೆಯದು ಆಗಲಿ, ಆಮೇಲೆ ಇಳಿಸೋಣ ಎಂದು ಕಾದೆನೇನೋ. ಅವಳು ಮೂರನೆಯ ಸಲ ಹೇಳಲಿಲ್ಲ. ಊಟ ಬಿಟ್ಟಳು. ಹುಡುಗನ ಮನೆಯವರು ಪದವನ್ನು ಬಿಡಿಸಿ ಕೇಳಿದರಲ್ಲ, ಅವರು ಕೇಳಿದ್ದರಲ್ಲಿ ಏನೂ ತಪ್ಪಿರಲಿಲ್ಲ. ಕಾಕಾ ಕೂಡಿಸಿ ಹೇಳಿದ್ದರಲ್ಲೂ ತಪ್ಪಿರಲಿಲ್ಲ. ಒತ್ತಿದ್ದು ನಾನು, ಇಳಿದದ್ದು ಅವಳು.

ಸಂಜೆ ಚಹಾ ತೆಗೆದುಕೊಂಡು ಅಂಗಳಕ್ಕೆ ಹೋದೆ. ಕಾಕಾ ಕಟ್ಟೆಯ ಮೇಲೆ ಕೂತಿದ್ದರು.

“ತಪ್ಪಾತ್ರಿ ಕಾಕಾ. ಬಾಯಿಗೆ ಬಂದಂಗ ಅಂದೆ.”

“ಏ, ಇರಲಿ ತಗೋಳವಾ. ತಾಯಿ ಅಂದ ಮ್ಯಾಲೆ ಅಂತಾರ.” ಬಸಿಯಲ್ಲಿ ಚಹಾ ಸುರಿದುಕೊಂಡರು. ಕುಡಿಯಲಿಲ್ಲ. ಅದರ ಮೇಲಿನ ಕೆನೆಯನ್ನು ನೋಡುತ್ತ ಇದ್ದಕ್ಕಿದ್ದಂತೆ ಹೇಳಿದರು: “ನಾನೂ ಹೆಣ್ಣು ನೋಡಾಕ ಹೋಗಿದ್ದೆನವಾ. ಮುಗದ ಅನ್ನೋ ಊರಿಗೆ.”

ನಾನು ಅಲ್ಲೇ ಮೆಟ್ಟಿಲ ಮೇಲೆ ಕೂತೆ. ಅವರಿಗೆ ಮದುವೆಯಾಗಿತ್ತೆಂದು ನಮ್ಮತ್ತೆ ಒಮ್ಮೆ ಪಿಸುಮಾತಿನಲ್ಲಿ ಹೇಳಿದ್ದರು. ವರ್ಷ ತುಂಬುವುದರೊಳಗೆ ಆಕೆ ತವರಿಗೆ ಹೋದವರು ಮರಳಲಿಲ್ಲ. ಹಿರಿಯರು ಕೂತು ಮಾತು ಮುಗಿಸಿದರು, ಅಷ್ಟೇ. ಕಾಕಾ ಅವರ ಬಾಯಿಂದ ಆ ವಿಷಯ ನಾನು ಯಾವತ್ತೂ ಕೇಳಿರಲಿಲ್ಲ.

“ಚಾ ತಂದು ಕೊಟ್ಲು. ಬಸಿ ಮ್ಯಾಲೆ ಕಪ್ಪು ಕಟಕಟ ಅಂತಿತ್ತು. ಎಲ್ಲಾರೂ ನಾಚಿಕಿ ಅಂದ್ರು. ನಾನೂ ನಾಚಿಕಿ ಅಂತ ತಿಳದು ನಕ್ಕೆ. ದಿನಾ ಮುಳ್ಳು ನೋಡಿ ಪಗಾರ ತಗೊಳ್ಳಾಂವ ನಾ, ನಕ್ಕೆ ನೋಡು.”

ಓಣಿಯಲ್ಲಿ ಯಾರದೋ ಸ್ಕೂಟಿ ಹೋಯಿತು. ಕಾಕಾ ಅದರ ಗಾಲಿಯ ಕಡೆ ನೋಡಲೂ ಇಲ್ಲ.

“ಹನ್ನೊಂದು ತಿಂಗಳು ಮನ್ಯಾಗ ಇದ್ಲು. ಒಂದ ದಿನ ಜಗಳಾಡಲಿಲ್ಲ. ಕೇಳಿದ್ರ ಹೇಳ್ತಿದ್ಲೋ ಏನೋ. ಕೇಳಬೇಕಂತ ನನಗ ಹೊಳೀಲೇ ಇಲ್ಲವಾ. ಭಾಳ ಛಲೋ ಹುಡುಗಿ. ಎಲ್ಲೆ ಇದ್ರೂ ಹೊಟ್ಟಿತುಂಬ ಉಂಡಿರಲಿ.”

ಆಮೇಲೆ ತಣ್ಣಗಾದ ಚಹಾವನ್ನು ಒಂದೇ ಗುಟುಕಿಗೆ ಕುಡಿದು, ಬಸಿಯನ್ನು ನನ್ನ ಕೈಗೆ ಕೊಟ್ಟರು.

ಆಕೆಯ ಹೆಸರು ಏನೆಂದು ಕೇಳಲು ನನಗೆ ಬಾಯಿ ಬರಲಿಲ್ಲ. ಅವರೂ ಹೇಳಲಿಲ್ಲ. ಈಗ ದಿನಾ ಬೆಳಿಗ್ಗೆ ಪೂಜೆಯಲ್ಲಿ ಮನೆಯವರ ಹೆಸರು ಒಂದೊಂದಾಗಿ ಹೇಳಿ ಮುಗಿಸಿದ ಮೇಲೆ, ಏಳುವ ಮೊದಲು, ಯಾವ ಹೆಸರೂ ಹೇಳದೆ ಒಂದು ಗಳಿಗೆ ಸುಮ್ಮನೆ ಕೂಡುತ್ತೇನೆ. ಆ ಗಳಿಗೆ ಮುಗದದ ಆ ಹೆಣ್ಣುಮಗಳದು.